ಬಾವುಟ ಇಳಿಯುವವರೆಗೆ

ನಮ್ಮ ಮನೆಯಿಂದ ಸಮುದ್ರಕ್ಕೆ ಹೋಗಬೇಕೆಂದರೆ ಬಸ್ಸು ಬೇಕು, ರೈಲು ಬೇಕು, ಎಲ್ಲಕ್ಕಿಂತ ಮೊದಲು ನಮ್ಮಜ್ಜಿಯ ಒಪ್ಪಿಗೆ ಬೇಕು. ಹೀಗಿದ್ದೂ ನಾನು ಚಿಕ್ಕಬಳ್ಳಾಪುರದಲ್ಲಿ ಡಿಗ್ರಿ ಓದುವಾಗ ಕಾಲೇಜಿನ ಎನ್‌ಸಿಸಿಯಲ್ಲಿ ನೌಕಾದಳದ ಕೆಡೆಟ್ ಆಗಿದ್ದೆ. ಬಿಳಿ ಯೂನಿಫಾರ್ಮ್ ಹಾಕಿಕೊಂಡು ದಿಬ್ಬೂರಹಳ್ಳಿಯಲ್ಲಿ ಬಸ್ಸಿಗೆ ನಿಂತರೆ ಜನ ನನ್ನನ್ನು ಯಾವುದೋ ಆಸ್ಪತ್ರೆಯ ಕಾಂಪೌಂಡರ್ ಅಂದುಕೊಂಡು ಮಂಡಿನೋವಿಗೆ ಏನು ಮಾಡಬೇಕೆಂದು ಕೇಳುತ್ತಿದ್ದರು. ನಾನೂ ಬೇಜಾರು ಮಾಡದೆ, ನಮ್ಮೂರ ಡಾಕ್ಟರ ಗಂಟಲಿನಲ್ಲೇ, "ಬಿಸಿನೀರಿನ ಶಾಖ ಕೊಡಿ, ಮುದ್ದೆ ಕಮ್ಮಿ ಮಾಡಿ" ಎಂದು ಹೇಳಿ ಬಸ್ಸು ಹತ್ತುತ್ತಿದ್ದೆ.

ಗಂಟಲೇ ನನ್ನ ರೋಗ. ಯಾರ ಮಾತು ಕಿವಿಗೆ ಬಿದ್ದರೂ ಸಂಜೆಯೊಳಗೆ ಅದು ನನ್ನ ಬಾಯಿಂದ ಹೊರಗೆ ಬರುತ್ತದೆ. ರೇಷ್ಮೆಗೂಡಿನ ಮಾರುಕಟ್ಟೆಯಲ್ಲಿ ಹರಾಜು ಕೂಗುವವನು, ಚಿಂತಾಮಣಿಯ ಟೊಮೆಟೊ ಮಂಡಿಯವನು, ಪಕ್ಕದ ಮನೆಯ ಮೇಕೆ, ಎಲ್ಲರೂ ನನ್ನೊಳಗೆ ಬಾಡಿಗೆಗಿದ್ದಾರೆ. ಹಾಗಾದರೆ ನನ್ನ ಸ್ವಂತ ದನಿ ಯಾವುದಮ್ಮ ಎಂದು ಒಮ್ಮೆ ಕೇಳಿದ್ದೆ. "ಊಟಕ್ಕೆ ಕೂಗ್ತೀಯಲ್ಲ, ಅದೊಂದು ನಿಂದು" ಅಂದಳು ಅಮ್ಮ.

ಕಾಲೇಜಿನಲ್ಲಿ ನಮಗೆ ಹಡಗಿನ ವಿದ್ಯೆ ಕಲಿಸುತ್ತಿದ್ದವರು ನೌಕಾದಳದಲ್ಲಿ ಸಿಗ್ನಲ್ ಕೆಲಸ ಮಾಡಿ ನಿವೃತ್ತರಾದವರು. ಮುದ್ದೇನಹಳ್ಳಿ ಕಡೆ ದ್ರಾಕ್ಷಿ ತೋಟ ಮಾಡಿಕೊಂಡಿದ್ದರು. ನಾವು ಅವರನ್ನು ಮಾಸ್ಟರ್ ಎನ್ನುತ್ತಿದ್ದೆವು. ಅಷ್ಟು ವರ್ಷ ಅಲ್ಲಾಡುವ ನೆಲದ ಮೇಲೆ ನಿಂತ ಅಭ್ಯಾಸಕ್ಕೋ ಏನೋ, ಗಟ್ಟಿ ನೆಲದ ಮೇಲೂ ಕಾಲು ಅಗಲಿಸಿಯೇ ನಿಲ್ಲುತ್ತಿದ್ದರು. ನಾನು ಅವರಂತೆ ನಿಂತು ಕ್ಯಾಂಟೀನಿನಲ್ಲಿ ಟೀ ಕೇಳಿದರೆ ಹುಡುಗರು ಬಿದ್ದು ಬಿದ್ದು ನಗುತ್ತಿದ್ದರು. ಒಂದು ದಿನ ಮಾಸ್ಟರೇ ಹಿಂದಿನಿಂದ ಬಂದು, "ಇನ್ನೂ ಅಗಲ ಕಣಪ್ಪ, ಅಲೆ ಬಂದ್ರೆ ಬಿದ್ದೋಗ್ತೀಯ" ಎಂದು ನನ್ನ ಕಾಲನ್ನು ತಮ್ಮ ಬೂಟಿನಿಂದ ಸರಿಸಿ ಹೋದರು.

ಒಬ್ಬರ ಅಪ್ಪಣೆಯಲ್ಲಿ ಒಟ್ಟಾಗಿ ಸಾಗುವ ಹಡಗುಗಳ ಬಳಗಕ್ಕೆ ಫ್ಲೀಟು ಎನ್ನುತ್ತಾರೆ. ನಮಗೂ ಒಂದು ಫ್ಲೀಟಿತ್ತು. ಊರ ಕೆರೆಯಲ್ಲಿ. ಯಾವುದೋ ಪಾರ್ಕಿನಲ್ಲಿ ಮಕ್ಕಳನ್ನು ಸುತ್ತಿಸಿ ಸುತ್ತಿಸಿ ಬಣ್ಣಗೆಟ್ಟಿದ್ದ ಒಂದು ಫೈಬರ್ ದೋಣಿ, ಜೊತೆಗೆ ಮೀನು ಹಿಡಿಯುವವರನ್ನು ಬೇಡಿ ತಂದ ಮೂರು ತೆಪ್ಪ. ದೋಣಿಗೆ ಚಿಕ್ಕಬಳ್ಳಾಪುರ ಎಂದು ಹೆಸರಿಟ್ಟೆವು. ತೆಪ್ಪಗಳಿಗೆ ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟ. ಆಯಾ ತಾಲ್ಲೂಕಿನ ಹುಡುಗರು ಆಯಾ ತೆಪ್ಪದಲ್ಲಿ. ದಿಬ್ಬೂರಹಳ್ಳಿ ಶಿಡ್ಲಘಟ್ಟ ತಾಲ್ಲೂಕಿಗೆ ಸೇರಿದ್ದರಿಂದ ನಾನು ನ್ಯಾಯವಾಗಿ ಆ ತೆಪ್ಪದಲ್ಲಿ ಕೂರಬೇಕಿತ್ತು. ಆದರೆ ಅದರ ಕ್ಯಾಪ್ಟನ್, "ಇವ್ನು ಹತ್ತಿದ್ರೆ ನಾನ್ ಇಳೀತೀನಿ ಸಾರ್, ನಗಿಸಿ ನಗಿಸಿ ಮುಳುಗಿಸ್ತಾನೆ" ಎಂದು ಹಟ ಹಿಡಿದ. ಹಾಗಾಗಿ ನನ್ನನ್ನು ದೋಣಿಗೆ ಹಾಕಿ, ಬಾವುಟ ಏರಿಸಿ ಇಳಿಸುವ ಕೆಲಸ ಕೊಟ್ಟರು. ಬಾಯಿಗೆ ಕೆಲಸವಿಲ್ಲದ ಹುದ್ದೆ ಅದೊಂದೇ ಇತ್ತು.

ತೆಪ್ಪವೆಂದರೆ ದೊಡ್ಡ ಬಿದಿರು ಬುಟ್ಟಿ. ಅದಕ್ಕೆ ಹಿಂದಿಲ್ಲ, ಮುಂದಿಲ್ಲ. ಹುಟ್ಟು ಹಾಕಿದರೆ ಮೊದಲು ತನ್ನ ಸುತ್ತ ತಾನು ಒಂದು ಸುತ್ತು ತಿರುಗಿ ಆಮೇಲೆ ಯೋಚನೆ ಮಾಡುತ್ತದೆ. ಸಾಲಾಗಿ ಹೋಗಿ ಎಂದರೆ ಯಾವ ಕಡೆ ಮುಖ ಮಾಡಿ ಎಂಬುದೇ ಪ್ರಶ್ನೆ. ಕೊನೆಗೆ ಪ್ರತಿ ತೆಪ್ಪದ ಒಂದು ಪಕ್ಕಕ್ಕೆ ಸುಣ್ಣದಲ್ಲಿ ಮೂಗು ಬರೆದೆವು. ಚಿಂತಾಮಣಿಯವರು ಮೂಗಿನ ಕೆಳಗೆ ಮೀಸೆಯನ್ನೂ ಬರೆದುಕೊಂಡರು.

ಮಾಸ್ಟರ್ ಮೊದಲ ದಿನ ಕೆರೆ ಏರಿಯ ಮೇಲೆ ಕೂರಿಸಿ ಹೇಳಿದ್ದು ಇಷ್ಟು. "ನೋಡ್ರಪ್ಪ, ಫ್ಲೀಟಿನ ಕಮಾಂಡರ್ ಅಡ್ಮಿರಲ್. ಏನ್ ಮಾಡ್ಬೇಕು ಅನ್ನೋದು ಅವರ ಮಾತು. ಹೆಂಗ್ ಮಾಡ್ಬೇಕು ಅನ್ನೋದು ಆಯಾ ಹಡಗಿನ ಕ್ಯಾಪ್ಟನ್ ಪಾಡು. ಅಡ್ಮಿರಲ್ ಯಾವ ಹಡಗಲ್ಲಿ ಇರ್ತಾರೋ ಅದು ಫ್ಲ್ಯಾಗ್‌ಶಿಪ್. ಆದ್ರೆ ಆ ಹಡಗಿಗೂ ಬೇರೆ ಕ್ಯಾಪ್ಟನ್ ಇರ್ತಾನೆ. ಅಡ್ಮಿರಲ್ ಆದ್ರೂ ಅವನ ಸ್ಟೀರಿಂಗಿಗೆ ಕೈ ಹಾಕಂಗಿಲ್ಲ."

"ನಮ್ಮನೇಲೂ ಹಂಗೇ ಸಾರ್" ಅಂದೆ ನಾನು.

ನಿಜವಾಗಿಯೂ ಹಾಗೇ. ಅಜ್ಜಿ ಮಂಚದ ಮೇಲೆ ಕೂತು ಇವತ್ತು ಬಸ್ಸಾರು ಎಂದು ಘೋಷಿಸುತ್ತಾಳೆ. ಒಲೆ ಅಮ್ಮನದು. ಬಸ್ಸಾರೋ ಮಸ್ಸೊಪ್ಪೋ ಎನ್ನುವ ಮಾತು ಅಜ್ಜಿಯದು, ಉಪ್ಪೆಷ್ಟು ಎನ್ನುವುದು ಅಮ್ಮನದು. ಯಾವಾಗಲೋ ಒಮ್ಮೆ ಅಜ್ಜಿ ಅಡುಗೆಮನೆಗೆ ನುಗ್ಗಿ ಸಾರಿಗೆ ಚಿಟಿಕೆ ಉಪ್ಪು ಹಾಕಿದರೆ ಅವತ್ತು ಇಡೀ ಫ್ಲೀಟು ಉಪವಾಸ. ಅಪ್ಪ ನಮ್ಮಲ್ಲಿ ಯಾವ ಹುದ್ದೆ ಎಂದು ಮಾಸ್ಟರ್ ಕೇಳಿದರು. "ಬಂದರಲ್ಲಿ ಕಟ್ಟಾಕಿದಾರೆ ಸಾರ್" ಅಂದೆ.

ಬಾವುಟದ ನಿಯಮ ಮಾತ್ರ ನಮ್ಮ ತಲೆಗೆ ಹತ್ತಲು ಬಹಳ ದಿನ ಹಿಡಿಯಿತು. ಫ್ಲ್ಯಾಗ್‌ಶಿಪ್ಪಿನಲ್ಲಿ ಬಾವುಟ ಏರಿದರೆ ಅಪ್ಪಣೆ ಬಂತು ಎಂದಷ್ಟೇ ಅರ್ಥ. ನೋಡಿದ್ದೇವೆ, ತಿಳಿಯಿತು ಎನ್ನಲು ಉಳಿದ ಹಡಗುಗಳು ತಮ್ಮ ಬಾವುಟ ಏರಿಸಬೇಕು. ಆದರೆ ಯಾರೂ ಅಲ್ಲಾಡಬಾರದು. ಮೊದಲ ಬಾವುಟ ಕೆಳಗಿಳಿದ ಕ್ಷಣ, ಎಲ್ಲರೂ ಒಟ್ಟಿಗೆ. ಏರಿದಾಗ ಅಲ್ಲ, ಇಳಿದಾಗ. ಚಿಂತಾಮಣಿ ಕ್ಯಾಪ್ಟನ್ನಿಗೆ ಇದು ಒಗ್ಗಲೇ ಇಲ್ಲ. ಅವನು ಮನೆಯಲ್ಲಿ ತೆಲುಗು, ಹೊರಗೆ ಕನ್ನಡ, ಅವಸರದಲ್ಲಿ ಎರಡೂ. ಬಾವುಟದ ತುದಿ ಕಂಡರೆ ಸಾಕು, "ಪದರಾ ಪದ!" ಎಂದು ತನ್ನ ಹುಡುಗರನ್ನು ಹುರಿದುಂಬಿಸಿ ಹೊರಟೇಬಿಡುತ್ತಿದ್ದ.

"ಎಲ್ಲಿಗೋ ನಡೀತಿದೀಯ?" ಎಂದು ಮಾಸ್ಟರ್ ಕೂಗುತ್ತಿದ್ದರು.

"ಎಲ್ಲರೂ ಹೋಗೋ ಕಡೆಗೇ ಸಾರ್, ಸ್ವಲ್ಪ ಮುಂಚೆ!"

ಇಂಥ ಫ್ಲೀಟಿಗೆ ಅಡ್ಮಿರಲ್ ಆಗಿದ್ದವಳು ನನ್ನ ಕ್ಲಾಸಿನ ಗೌರಿಬಿದನೂರಿನ ಹುಡುಗಿ. ಅಪ್ಪ ಬಸ್ ಕಂಡಕ್ಟರ್. ಆ ಗಂಟಲು ಅಪ್ಪನಿಂದ ಬಂದ ಆಸ್ತಿ. ಈ ಏರಿಯ ಮೇಲೆ ನಿಂತು ಅವಳು ಒಂದು ಸಲ ಕೂಗಿದರೆ ಆಚೆ ದಡದಲ್ಲಿ ಮೇಯುತ್ತಿದ್ದ ಎಮ್ಮೆಗಳು ತಲೆಯೆತ್ತುತ್ತಿದ್ದವು. ಸಿಟ್ಟು ಬಂದರೆ ಇನ್ನೂ ಚೆನ್ನಾಗಿ ಕೇಳಿಸುತ್ತಿತ್ತು. ಸಿಟ್ಟು ಬರಿಸುವ ಜವಾಬ್ದಾರಿಯನ್ನು ನಾನು ಹೊತ್ತುಕೊಂಡಿದ್ದೆ.

ಅವಳು ಸಮುದ್ರ ನೋಡಿರಲಿಲ್ಲ. ಮೊಬೈಲಿನ ಪರದೆಯ ಮೇಲೆ ಸಮುದ್ರ, ನೋಟ್ಸಿನ ರಟ್ಟಿನ ಮೇಲೆ ಸಮುದ್ರ. ವಿಡಿಯೋದಲ್ಲಿ ಕೇಳಿದ್ದು ಸಾಲದೆಂದು ಮಾಸ್ಟರನ್ನು ಕೇಳಿದ್ದಳು, ನಿಜವಾಗಿ ಅದರ ಸದ್ದು ಹೇಗಿರುತ್ತೆ ಸಾರ್ ಎಂದು. ಅವರು, "ಹೇಳಕ್ಕೆ ಬರಲ್ಲಮ್ಮ" ಅಂದರು. ನಾನು ಬಿಡುತ್ತೇನೆಯೇ? ಕೆನ್ನೆ ಉಬ್ಬಿಸಿ, ಹಲ್ಲಿನ ಸಂದಿಯಿಂದ ಗಾಳಿ ಬಿಟ್ಟು, ಗಂಟಲೊಳಗೆ ಅಲೆ ಎಬ್ಬಿಸಿ ಸಮುದ್ರ ಮಾಡಿ ತೋರಿಸಿದೆ.

"ಇದು ನಮ್ಮನೆ ಕುಕ್ಕರ್ ಕಣೋ" ಅಂದಳು.

ಆ ವರ್ಷ ಒಂದು ಸುದ್ದಿ ಬಂತು. ನೌಕಾದಳದ ಅಧಿಕಾರಿಯೊಬ್ಬರು ಬಂದು ನಮ್ಮ ಕಸರತ್ತು ನೋಡುತ್ತಾರೆ. ಫ್ಲೀಟನ್ನು ನಡೆಸಿದ ರೀತಿ ಅವರಿಗೆ ಒಪ್ಪಿಗೆಯಾದರೆ ಕಮಾಂಡರಿಗೆ ಕಡಲ ಶಿಬಿರದಲ್ಲಿ ಜಾಗ. ನಿಜವಾದ ಹಡಗು, ನಿಜವಾದ ನೀರು. ನಮ್ಮ ಕಾಲೇಜಿಗೆ ಇದ್ದದ್ದು ಒಂದೇ ಜಾಗ, ಅದೂ ಅವತ್ತೇ ತೀರ್ಮಾನ. ಅವಳು ಕೂಡಲೇ ಅಪ್ಪನನ್ನು ಒಪ್ಪಿಸಿ, ಅಮ್ಮನನ್ನು ಒಪ್ಪಿಸಿ, ಒಪ್ಪಲೇಬೇಕಿಲ್ಲದ ಸೋದರಮಾವನನ್ನೂ ಒಪ್ಪಿಸಿ, ಆಮೇಲೆ ನಮ್ಮನ್ನು ಹಿಡಿದಳು. ದಿನಾ ಅಭ್ಯಾಸ. ಬಾವುಟಕ್ಕೆ ಹೊತ್ತು ಹಿಡಿಯುತ್ತದೆಂದು ಎಲ್ಲವೂ ಬಾಯಲ್ಲೇ. ಬಲಕ್ಕೆ, ಎಡಕ್ಕೆ, ನಿಲ್ಲಿ, ಮುಂದೆ.

ಆ ದಿನಗಳಲ್ಲೇ ನಾನೊಮ್ಮೆ ಏರಿಯ ಹುಣಸೆಮರದ ಹಿಂದೆ ನಿಂತು, ಅವಳು ನೀರು ಕುಡಿಯಲು ಹೋದಾಗ, ಅವಳದೇ ದನಿಯಲ್ಲಿ "ಎಲ್ಲಾ ಬಲಕ್ಕೆ! ಬೇಗ!" ಎಂದು ಕೂಗಿದ್ದೆ. ಮೂರು ತೆಪ್ಪಗಳೂ ಶಿಸ್ತಿನಿಂದ ಹೋಗಿ ಜೊಂಡಿನಲ್ಲಿ ಸಿಕ್ಕಿಕೊಂಡವು. ಕ್ಯಾಪ್ಟನ್ನುಗಳು ಮಂಡಿವರೆಗಿನ ಕೆಸರಿನಲ್ಲಿ ನಡೆದು ಬಂದು ನನ್ನ ಕಾಲರ್ ಹಿಡಿದರು. "ಇನ್ನೊಂದ್ ಸಲ ಅವಳ ದನಿ ಮಾಡಿದ್ರೆ ನಿನ್ನ ಮೀನಿಗೆ ಹಾಕ್ತೀವಿ" ಅಂದ ಚಿಂತಾಮಣಿ. ಪಾಪ, ಮೀನುಗಳಿಗೂ ಒಂದು ರುಚಿ ಇರುತ್ತದೆ ಅಂದೆ.

ಅಧಿಕಾರಿ ಬರುವ ಬೆಳಿಗ್ಗೆ ಅಡ್ಮಿರಲ್ ನಮ್ಮೆದುರು ಬಂದು ಬಾಯಿ ತೆರೆದಳು. ಏನೂ ಬರಲಿಲ್ಲ. ಮತ್ತೆ ತೆರೆದಳು. ಹಳೇ ಬಾಗಿಲಿನ ಕೀಲು ಸವೆದ ಸದ್ದು ಬಂತು. ವಾರವೆಲ್ಲ ಕೂಗಿದ್ದು ಸಾಲದೆಂದು ಹಿಂದಿನ ಸಂಜೆ ಎಲ್ಲರಿಗೂ ಐಸ್ ಹಾಕಿದ ಕಬ್ಬಿನಹಾಲು ಕುಡಿಸಿ ತಾನೂ ಕುಡಿದಿದ್ದಳು. ಹುಡುಗರು ಸುತ್ತ ನಿಂತು ಒಬ್ಬೊಬ್ಬರು ಒಂದೊಂದು ಔಷಧಿ ಹೇಳಿದರು. ಮೆಣಸು, ಜೇನು, ಶುಂಠಿ, ಉಪ್ಪುನೀರು. ಅವಳು ಎಲ್ಲದಕ್ಕೂ ತಲೆಯಾಡಿಸುತ್ತಾ ಕಣ್ಣು ತುಂಬಿಕೊಂಡು ನಿಂತಿದ್ದಳು. ಅವಳು ಅಳುವುದನ್ನು ನಾನು ನೋಡಿರಲಿಲ್ಲ. ಸದ್ದಿಲ್ಲದ್ದರಿಂದ ಅದು ಇನ್ನೂ ಕೆಟ್ಟದಾಗಿ ಕಂಡಿತು.

ಎಲ್ಲರೂ ತೆಪ್ಪಗಳ ಕಡೆ ಹೋದ ಮೇಲೆ ಅವಳು ನನ್ನ ತೋಳು ಹಿಡಿದು ಎಳೆದಳು. ಮೊದಲು ನನ್ನ ಬಾಯಿ ತೋರಿಸಿದಳು, ಆಮೇಲೆ ತನ್ನ ಗಂಟಲು.

"ನಾನು ನಿನ್ನ ದನೀಲಿ ಹೇಳೋದಾ? ನೀನು ಬಾಯಾಡಿಸೋದಾ?"

ಹೌದು ಎಂದು ತಲೆಯಾಡಿಸಿದಳು.

"ಆಮೇಲೆ ಬೈಯಲ್ಲ ತಾನೆ?"

ಬೈಯುತ್ತೇನೆ ಎಂದೂ ತಲೆಯಾಡಿಸಿದಳು.

ಕ್ಯಾಪ್ಟನ್ನುಗಳಿಗೆ ಹೇಳುವುದು ಬೇಡ ಎಂದುಕೊಂಡೆವು. ಚಿಂತಾಮಣಿಗೆ ಗುಟ್ಟು ಹೇಳಿದರೆ ಅದು ಅವನಿಗಿಂತ ಮುಂಚೆ ನೀರಿಗಿಳಿಯುತ್ತದೆ. ನಮ್ಮ ಲೆಕ್ಕ ತಪ್ಪಿದ್ದು ಅಲ್ಲೇ.

ಏರಿಯ ಮೇಲೆ ಶಾಮಿಯಾನ, ಕುರ್ಚಿ, ಮೈಕು. ಪ್ರಿನ್ಸಿಪಾಲರು ಹೊಸ ಕೋಟು ಹಾಕಿದ್ದರು. ಬಂದ ಅಧಿಕಾರಿ ಕುಳ್ಳಗಿನ ಹೆಂಗಸು, ಕರಾವಳಿಯವರು. ಮೆತ್ತಗೆ ಮಾತಾಡುತ್ತಿದ್ದರು. ಎಷ್ಟು ಮೆತ್ತಗೆ ಎಂದರೆ ಪ್ರಿನ್ಸಿಪಾಲರು ಪ್ರತಿ ಮಾತಿಗೂ ಬಗ್ಗಿ ಬಗ್ಗಿ ಕೇಳಿಸಿಕೊಂಡು, ನೋಡುವವರಿಗೆ ಕಾಲಿಗೆ ಬೀಳುತ್ತಿರುವಂತೆ ಕಾಣುತ್ತಿತ್ತು.

ನಮ್ಮ ದೋಣಿ ಕೆರೆಯ ನಡುವೆ ನಿಂತಿತು. ಹುಟ್ಟು ಹಿಡಿದಿದ್ದವನು ಚಿಕ್ಕಬಳ್ಳಾಪುರ ಕ್ಯಾಪ್ಟನ್, ಮುಂದೆ ಮೆಗಾಫೋನ್ ಹಿಡಿದು ಅಡ್ಮಿರಲ್, ಬಾವುಟದ ಕಂಬದ ಹಿಂದೆ ಬಗ್ಗಿ ನಾನು. ಅವಳು ಬಾಯಿ ತೆರೆದಳು. ನಾನು ನನ್ನ ಜೀವಮಾನದ ಅತಿ ಶುದ್ಧವಾದ ಗೌರಿಬಿದನೂರು ದನಿಯಲ್ಲಿ ಕೂಗಿದೆ. "ಎಲ್ಲಾ ಸಾಲಾಗಿ! ಮುಂದೆ!"

ಆಚೆ ದಡದ ಎಮ್ಮೆಗಳು ತಲೆಯೆತ್ತಿದವು. ತೆಪ್ಪಗಳು ಅಲ್ಲಾಡಲಿಲ್ಲ.

ಇನ್ನೊಮ್ಮೆ ಕೂಗಿದೆ. ಆಗ ಚಿಂತಾಮಣಿ ಕ್ಯಾಪ್ಟನ್ ಎದ್ದು ನಿಂತು, ಇಡೀ ಏರಿಗೆ ಕೇಳುವಂತೆ ಅರಚಿದ. "ಏಯ್, ಇವತ್ತಾದ್ರೂ ಸುಮ್ನಿರೋ! ಅವಳ ಗಂಟಲು ಕಟ್ಟಿರೋದು ನಮಗೆ ಗೊತ್ತಿಲ್ವಾ? ಏಂದಿರಾ ಇದಿ, ಆಫೀಸರ್ ಮೇಡಂ ನೋಡ್ತಾವ್ರೆ, ಮಾನ ಕಳೀಬೇಡ!"

ಅವರ ತಪ್ಪೇನಿಲ್ಲ. ಗಂಟಲು ಕಟ್ಟಿದ ಹುಡುಗಿಯ ದನಿ ಅಷ್ಟು ಚೆನ್ನಾಗಿ ಕೇಳಿಸಿದರೆ ಅದು ನಾನೇ ಆಗಿರಬೇಕಲ್ಲ! ಕಸುಬು ಇನ್ನೂ ಸ್ವಲ್ಪ ಕೆಟ್ಟದಾಗಿ ಕಲಿತಿದ್ದರೆ ಅವರು ನಂಬುತ್ತಿದ್ದರು. ಏರಿಯ ಮೇಲೆ ನಗು ಎದ್ದಿತು. ಪ್ರಿನ್ಸಿಪಾಲರು ನಗಲಿಲ್ಲ. ನಾನು ಅಡ್ಮಿರಲ್ ಮುಖ ನೋಡಿದೆ. ಸಮುದ್ರ ಅವಳ ಕಣ್ಣೆದುರಿಗೇ ಬತ್ತಿಹೋಗುತ್ತಿತ್ತು.

ಅವಳು ಮೆಗಾಫೋನನ್ನು ಕಾಲಡಿಗೆ ಇಟ್ಟಳು. ಬಾವುಟದ ಚೀಲ ಎಳೆದುಕೊಂಡು ಒಂದನ್ನು ಆರಿಸಿ ನನ್ನ ಕೈಗೆ ಕೊಟ್ಟಳು. ಎಡಕ್ಕೆ ಒಟ್ಟಿಗೆ ತಿರುಗಿ ಎನ್ನುವ ಬಾವುಟ. ನಾನು ಹಗ್ಗ ಎಳೆದೆ, ಅದು ಮೇಲೇರಿತು.

ಶಿಡ್ಲಘಟ್ಟ ಉತ್ತರದ ಬಾವುಟ ಏರಿಸಿತು. ಗೌರಿಬಿದನೂರು ಏರಿಸಿತು. ಚಿಂತಾಮಣಿಯ ಹುಡುಗರು ಅಭ್ಯಾಸಬಲದಿಂದ ಹುಟ್ಟು ಎತ್ತಿಯೇಬಿಟ್ಟರು. ಆದರೆ ಅವರ ಕ್ಯಾಪ್ಟನ್, ನನ್ನ ಮೇಲಿನ ಅನುಮಾನಕ್ಕೋ ಏನೋ, ಅವತ್ತು ಮೊದಲ ಬಾರಿಗೆ ತಡೆದು, "ಆಗ್ರಾ, ಆಗು" ಎಂದು ನಿಲ್ಲಿಸಿದ. ಅವರ ಬಾವುಟವೂ ಏರಿತು. ಇನ್ನು ನಮ್ಮದು ಇಳಿದರೆ ಮುಗಿಯಿತು. ನಾನು ಹಗ್ಗ ಹಿಡಿದು ಅವಳ ಬಲಗೈ ನೋಡುತ್ತಾ ನಿಂತೆ. ಆ ಕೈ ಮೇಲಿತ್ತು. ಕೈ ಬಿದ್ದರೆ ಬಾವುಟ ಇಳಿಯಬೇಕು.

ಕೈ ಬೀಳಲಿಲ್ಲ.

ಗಾಳಿ ಬೀಸುತ್ತಿತ್ತು. ತೆಪ್ಪಗಳು ನಿಂತಲ್ಲೇ ಮೆಲ್ಲಗೆ ಜಾರುತ್ತಿದ್ದವು. ಏರಿಯ ಮೇಲೆ ಪಿಸುಮಾತು ಶುರುವಾಯಿತು. ಹುಡುಗಿ ಹೆದರಿದಳು ಎಂದು ಯಾರೋ ಅಂದದ್ದು ಮೈಕಿನಲ್ಲೇ ಕೇಳಿಸಿತು. ಆಮೇಲೆ ಪ್ರಿನ್ಸಿಪಾಲರ ದನಿ ಬಂತು. "ಬಾವುಟ ಇಳಿಸಪ್ಪ! ಯಾಕೆ ನಿಂತಿದೀರಿ? ಇಳಿಸು!"

ಹಾಜರಾತಿ ಕಮ್ಮಿಯಿದ್ದ ನನ್ನಂಥವನಿಗೆ ಅವರು ಸಾಕ್ಷಾತ್ ದೇವರು. ಪರೀಕ್ಷೆಗೆ ಕೂರುವುದು ಅವರ ಒಂದು ಸಹಿಯ ಮೇಲೆ ನಿಂತಿತ್ತು. ಹಗ್ಗವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೆ.

"ಇಳಿಸ್ಬಿಡೋ, ಪ್ರಿನ್ಸಿಪಾಲ್ ಕಣೋ" ಎಂದು ನಮ್ಮ ದೋಣಿಯ ಕ್ಯಾಪ್ಟನ್ ಹಲ್ಲು ಕಚ್ಚಿ ಹೇಳಿದ.

"ನೀನು ಹುಟ್ಟು ನೋಡ್ಕೊ" ಅಂದೆ. ಅದು ಯಾರ ದನಿಯಲ್ಲಿ ಬಂತೋ ನನಗೇ ಗೊತ್ತಾಗಲಿಲ್ಲ.

"ಇಳಿಸೋ!" ಎಂದು ಮೈಕು ಮತ್ತೆ ಗದರಿತು. ದೂರದಲ್ಲಿ ಚಿಂತಾಮಣಿ, "ತೋಳು ನೋಯ್ತಾ ಇದೆ ಮಹಾರಾಯ!" ಎಂದು ಗೋಳಾಡಿದ. ಮಾಸ್ಟರ್ ಮಾತ್ರ ಶಾಮಿಯಾನದ ಪಕ್ಕ ಕಾಲು ಅಗಲಿಸಿ ನಿಂತು ನನ್ನನ್ನೇ ನೋಡುತ್ತಿದ್ದರು. ಅವಳು ಯಾಕೆ ಕಾಯುತ್ತಿದ್ದಾಳೆ ಎಂದು ನನಗೆ ತಿಳಿದಿರಲಿಲ್ಲ. ಕೇಳೋಣವೆಂದರೆ ಉತ್ತರ ಕೊಡುವ ಗಂಟಲು ಇರಲಿಲ್ಲ. ಬಾಯಿ ಮುಚ್ಚಿ ಹಗ್ಗ ಹಿಡಿದು ನಿಲ್ಲುವುದು ಎಷ್ಟು ಕಷ್ಟವೆಂದು ನನ್ನನ್ನು ಕೇಳಬೇಕು.

ಅವಳ ಕೈ ಬಿತ್ತು. ಹಗ್ಗ ಬಿಟ್ಟೆ. ಬಾವುಟ ಸರ್ರನೆ ಇಳಿಯಿತು.

ಮೂರು ತೆಪ್ಪಗಳು ಒಂದೇ ಕ್ಷಣಕ್ಕೆ ಎಡಕ್ಕೆ ತಿರುಗಿದವು. ಸುಣ್ಣದ ಮೂಗುಗಳು ಮೂರೂ ಒಂದೇ ದಿಕ್ಕಿಗೆ. ಅಷ್ಟು ದಿನದ ಅಭ್ಯಾಸದಲ್ಲಿ ಒಮ್ಮೆಯೂ ಹಾಗಾಗಿರಲಿಲ್ಲ. ಚಿಂತಾಮಣಿ ಮಾತ್ರ ಖುಷಿ ತಡೆಯಲಾರದೆ ಒಂದು ಸುತ್ತು ಜಾಸ್ತಿ ತಿರುಗಿ, ಮೀಸೆ ಸಮೇತ ಮತ್ತೆ ಸಾಲಿಗೆ ಬಂತು. ಏರಿಯ ಮೇಲೆ ಚಪ್ಪಾಳೆ ಬಿತ್ತು.

ದಡಕ್ಕೆ ಬಂದು ಸಾಲಾಗಿ ನಿಂತೆವು. ಅಧಿಕಾರಿ ಮೊದಲು ನಿಂತದ್ದು ನನ್ನ ಮುಂದೆ.

"ಶುರುವಿಗೆ ಕೂಗಿದ್ದು ಯಾರು ಮಾರಾಯ?"

"ನಾನೇ ಮೇಡಂ. ದನಿ ಇವಳದ್ದು."

"ಪ್ರಿನ್ಸಿಪಾಲರು ಅಷ್ಟು ಸಲ ಹೇಳಿದ್ರಲ್ಲ, ಬಾವುಟ ಯಾಕೆ ಇಳಿಸ್ಲಿಲ್ಲ?"

ಪ್ರಿನ್ಸಿಪಾಲರು ಪಕ್ಕದಲ್ಲೇ ಇದ್ದರು. ನನ್ನ ಹಾಜರಾತಿ ನನ್ನ ಕಣ್ಣ ಮುಂದೆ ಹಾದು ಹೋಯಿತು. "ಅವರು ಕಾಲೇಜಿಗೆ ಅಡ್ಮಿರಲ್ ಮೇಡಂ" ಅಂದೆ. "ಕೆರೆ ಇವಳ ಕೈಲಿತ್ತು."

ಪ್ರಿನ್ಸಿಪಾಲರು ಕೆಮ್ಮಿದರು. ಆ ಕೆಮ್ಮನ್ನು ನಾನು ಈಗಲೂ ಚೆನ್ನಾಗಿ ಮಾಡುತ್ತೇನೆ.

ಅಧಿಕಾರಿ ಅಡ್ಮಿರಲ್ ಕಡೆ ತಿರುಗಿದರು. "ನೀನು ಯಾಕೆ ಅಷ್ಟು ಹೊತ್ತು ಕಾದದ್ದು?"

ಅವಳು ಬಾಯಿ ತೆರೆದಳು, ಕೀಲಿನ ಸದ್ದು ಬಂತು. ಸುಮ್ಮನೆ ಅವರನ್ನು ಏರಿಯ ಮೇಲೆ ತೂಬಿನ ಕಡೆಗೆ ಕರೆದುಕೊಂಡು ಹೋಗಿ ನೀರಿನತ್ತ ಕೈ ತೋರಿಸಿದಳು. ನಾವೂ ಹಿಂದೆ ಹೋದೆವು. ಶಾಮಿಯಾನದಿಂದ ಬಿಸಿಲಿನ ಹೊಳಪಿಗೆ ಕಾಣದೇ ಇದ್ದದ್ದು ಅಲ್ಲಿಂದ ಕಂಡಿತು. ನೀರಿನ ಮೇಲೆ ಥರ್ಮಕೋಲ್ ತುಂಡುಗಳ ಉದ್ದನೆಯ ಸಾಲು. ಯಾರೋ ಬೆಳಿಗ್ಗೆ ಬಿಟ್ಟು ಹೋಗಿದ್ದ ಮೀನಿನ ಬಲೆ. ಬಾವುಟ ಏರಿದಾಗ ಗೌರಿಬಿದನೂರು ತೆಪ್ಪ ಅದರ ಪಕ್ಕದಲ್ಲೇ ಇತ್ತು. ಆಗಲೇ ಎಡಕ್ಕೆ ತಿರುಗಿದ್ದರೆ ನೇರ ಬಲೆಯೊಳಗೆ. ಗಾಳಿ ಅದನ್ನು ಬಲೆಯ ತುದಿ ದಾಟಿಸುವವರೆಗೂ ಅವಳು ಕೈ ಎತ್ತಿ ಹಿಡಿದಿದ್ದಳು.

ಅಧಿಕಾರಿ ಆ ಥರ್ಮಕೋಲ್ ಸಾಲನ್ನು ತುದಿಯಿಂದ ತುದಿಯವರೆಗೆ ಬೆರಳಲ್ಲಿ ಅಳೆದರು. "ಗಂಟಲು ಸರಿ ಮಾಡ್ಕೊಂಡು ಬಾ ಮಾರಾಯ್ತಿ" ಅಂದರು. "ಕಡಲಲ್ಲಿ ಗಾಳಿ ಇದಕ್ಕಿಂತ ಜಾಸ್ತಿ."

ಅಡ್ಮಿರಲ್ ಚಿಮ್ಮಿ ಸೆಲ್ಯೂಟ್ ಹೊಡೆದಳು. ಚಿಂತಾಮಣಿ ಶಿಳ್ಳೆ ಹಾಕಿ ಬೈಸಿಕೊಂಡ. ಮಾಸ್ಟರ್ ಕಾಲು ಜೋಡಿಸಿ ಅಟೆನ್ಷನ್‌ನಲ್ಲಿ ನಿಂತಿದ್ದರು. ಅವರ ಎರಡು ಹಿಮ್ಮಡಿ ಕೂಡಿದ್ದನ್ನು ನಾನು ನೋಡಿದ್ದು ಅದೇ ಮೊದಲು. ಅಭ್ಯಾಸ ತಪ್ಪಿ ಸ್ವಲ್ಪ ವಾಲುತ್ತಲೂ ಇದ್ದರು.

ಶಿಬಿರಕ್ಕೆ ಹೋದ ಮೇಲೆ ಅವಳಿಂದ ಕೆಲವು ದಿನ ಸುದ್ದಿಯಿರಲಿಲ್ಲ. ಒಂದು ಸಂಜೆ ಮನೆಯಲ್ಲಿ ರೇಷ್ಮೆಹುಳುಗಳಿಗೆ ಸೊಪ್ಪು ಹಾಕಿ ಕೈ ತೊಳೆಯುತ್ತಿದ್ದೆ, ಹೊಸ ನಂಬರಿನಿಂದ ಫೋನ್ ಬಂತು.

"ನಾನು ಕಣೋ" ಎಂದಿತು ಒಂದು ಒಡಕು ದನಿ.

"ಯಾರೋ ಅದು? ಚಿಂತಾಮಣಿಯಾ? ಮಿಮಿಕ್ರಿ ಚೆನ್ನಾಗಿಲ್ಲ ಕಣೋ, ಇನ್ನೂ ಪ್ರಾಕ್ಟೀಸ್ ಮಾಡು."

"ನಾನೇ ಕಣೋ ಕೋತಿ! ಇಲ್ಲಿ ಗಾಳಿಗೆ ಕೂಗಿ ಕೂಗಿ ಮತ್ತೆ ಗಂಟಲು ಹೋಗ್ತಾ ಇದೆ." ಬೈಗುಳ ಕೇಳಿ ನಂಬಿಕೆ ಬಂತು. ಅಲ್ಲಿ ದೊಡ್ಡ ಹಡಗಿನ ಮೇಲೆ ಬಾವುಟ ಏರಿದ್ದನ್ನು ನೋಡಿದ್ದಳಂತೆ. "ಇಳಿಯೋವರೆಗೂ ಒಂದು ಹಡಗೂ ಅಲ್ಲಾಡಲಿಲ್ಲ ಕಣೋ. ನನ್ನ ಕೈ ತಾನಾಗೇ ಮೇಲೆ ಹೋಗಿತ್ತು, ಪಕ್ಕದವಳು ನಕ್ಕಳು." ಆಮೇಲೆ, "ನೀನು ಮಾಡಿದ್ದು ಕುಕ್ಕರೇ. ತಡಿ, ಕೇಳು. ನಾನು ಹೇಳೋವರೆಗೂ ಫೋನ್ ಇಳಿಸ್ಬಾರ್ದು" ಅಂದಳು.

ಫೋನನ್ನು ಎಲ್ಲಿಗೋ ಚಾಚಿದಳೆಂದು ಕಾಣುತ್ತದೆ. ಮೊದಲು ಬರೀ ಗಾಳಿ. ಆಮೇಲೆ ಅದು ಬಂತು. ನಾನು ಕೆನ್ನೆ ಉಬ್ಬಿಸಿ ಸಿದ್ಧವಾಗಿದ್ದವನು ಹಾಗೇ ಕೆನ್ನೆ ಇಳಿಸಿದೆ.

ಒಳಗಿನಿಂದ ಅಮ್ಮ ಕೂಗಿದಳು. "ಮುದ್ದೆ ಆರ್ತಾ ಇದೆ, ಯಾರ ಜೊತೆ ಅಷ್ಟೊತ್ತು? ಇವನು ಮಾತೇ ಆಡ್ತಿಲ್ವಲ್ಲ, ಮೈ ಹುಷಾರಿಲ್ವಾ?" ಮಂಚದ ಮೇಲಿಂದ ಅಜ್ಜಿ, "ಫೋನ್ ಇಳಿಸಿ ಬಾರೋ!" ಎಂದು ಅಪ್ಪಣೆ ಮಾಡಿದಳು.

ನಾನು ಫೋನಿಗೆ ಅಂಗೈ ಮುಚ್ಚಿ, "ಇನ್ನೂ ಹೇಳಿಲ್ಲ ಅಜ್ಜಿ" ಅಂದೆ. ಮತ್ತೆ ಕಿವಿಗೆ ಇಟ್ಟುಕೊಂಡೆ.